ಫ್ರಿಜ್ಜಿನ ಧರ್ಮಸಂಹಿತೆ

ಕೊಲ್ಲಿನಾಡಿನ ದೇರಾದಲ್ಲಿದ್ದ ನಮ್ಮ ಬಾಡಿಗೆ ಫ್ಲ್ಯಾಟಿನ ಫ್ರಿಜ್ಜನ್ನು ನೋಡಿದ್ದರೆ, ಮಿತ್ರರೇ, ಮನುಷ್ಯರು ಒಂದೇ ಬಾಗಿಲಿನ ಹಿಂದೆ ಎಷ್ಟು ದೇಶಗಳನ್ನು ಕಟ್ಟಿಕೊಳ್ಳಬಲ್ಲರೆಂದು ನೀವು ಬೆರಗಾಗುತ್ತಿದ್ದಿರಿ. ಮೇಲಿನ ಅಂತಸ್ತು ಮೈಸೂರಿನ ಶೇಷಾದ್ರಿಯ ಮೊಸರಿಗೆ, ನಡುವಿನದು ನನ್ನ ಮೊಟ್ಟೆಗೆ, ಕೆಳಗಿನದು ಉಡುಪಿಯ ದಿನೇಶನ ಬಂಗುಡೆ ಮೀನಿಗೆ. ನಾಲ್ಕನೆಯ ಬಾಡಿಗೆದಾರನಾಗಿ ಫಿಲಿಪೀನ್ಸಿನ ರಮೋನ್ ಬಂದ ವಾರವೇ ಶೇಷಾದ್ರಿಯ ಕಚೇರಿಗೊಂದು ಮಿಂಚಂಚೆ ಬಂತು: ಮಾಂಸಕ್ಕೆಂದು ಪಂಜರದಲ್ಲಿ ತುರುಕಿದ ನಾಯಿಗಳ ಚಿತ್ರ, ಹತ್ತು ಜನರಿಗೆ ಕಳುಹಿಸಿ ಎಂಬ ಆಜ್ಞೆ. ಅವನು ಅದನ್ನು ಮುದ್ರಿಸಿ ತಂದು ಫ್ರಿಜ್ಜಿಗೇ ಅಂಟಿಸಿದ.

"ಇವ್ನೂ ಅದನ್ನ ತಿನ್ನೋ ಪೈಕೀನೇ ಕಣೋ. ಅವ್ನ ಪಾತ್ರೆ ಒಳಗಿಟ್ರೆ ನಾನು ಮೊಸರು ಮುಟ್ಟಲ್ಲ."

"ನಿನ್ನ ಮೊಸರಿಗೆ ನನ್ನ ಬಂಗುಡೆ ಆಗ್ತದೆ, ಅವನದ್ದು ಮಾತ್ರ ಆಗುದಿಲ್ವಾ ಸ್ವಾಮಿ?" ಎಂದು ದಿನೇಶ ನಕ್ಕ, ನಕ್ಕು, ಒಪ್ಪಿದ.

ರಮೋನನ ಊಟ ಬಾಲ್ಕನಿಯ ಐಸ್‌ಪೆಟ್ಟಿಗೆಯಲ್ಲೇ ಇರತಕ್ಕದ್ದೆಂಬ ನಿಯಮವನ್ನು ಶುದ್ಧ ಇಂಗ್ಲಿಷಿನಲ್ಲಿ ಬರೆದುಕೊಟ್ಟವನು ಸ್ನಾತಕೋತ್ತರ ಪದವೀಧರನಾದ ನಾನು.

ನಾಯಿಮಾಂಸದ ವ್ಯಾಪಾರವನ್ನು ನಾನು ಸಹಿಸಲಾರೆ. 'ಅದು ಅವರ ಸಂಸ್ಕೃತಿ' ಎಂಬ ನುಣುಪಾದ ಸಮಾಧಾನವೂ ನನಗೆ ಬೇಡ. ಗೋಣಿಗೆ ತುಂಬುವ ಮುನ್ನ ಪ್ರಾಣಿಯ ಅಭಿಪ್ರಾಯವನ್ನು ಯಾವ ಸಂಸ್ಕೃತಿಯೂ ಕೇಳುವುದಿಲ್ಲ. ಆದರೆ ಕದ್ದವನನ್ನು, ಮಾರಿದವನನ್ನು, ಕಂಡೂ ಕಾಣದಂತಿದ್ದ ಅಧಿಕಾರಿಯನ್ನು ಬಿಟ್ಟು, ಒಬ್ಬನ ಮುಖಚಹರೆಯನ್ನೇ ಸಾಕ್ಷ್ಯವೆಂದು ಹಿಡಿದು ತೀರ್ಪಿತ್ತೆವಲ್ಲ, ಇದೆಂಥ ಕರುಣೆ?

ಆಗಸ್ಟಿನ ಒಂದು ಶುಕ್ರವಾರ ಮಧ್ಯಾಹ್ನ, ಬಾಲ್ಕನಿಯ ಬಿಸಿಲಿಗೆ ಹಳಸಿದ ಮೀನುಸಾರನ್ನು ರಮೋನ್ ಮತ್ತೊಮ್ಮೆ ಚೆಲ್ಲುವುದನ್ನು ಕಂಡು, ಎಲ್ಲರೆದುರೇ ಕೇಳಿಬಿಟ್ಟೆ: ನೀನು ನಾಯಿಮಾಂಸ ತಿಂದಿದ್ದೀಯಾ? ಇಲ್ಲವೆನ್ನಲಿ ಎಂದು ಹಾರೈಸಿದ್ದೆ. ಇಲ್ಲವೆಂದಿದ್ದರೆ ನನ್ನ ಔದಾರ್ಯ ಸುಲಭವಾಗುತ್ತಿತ್ತು.

"ತಿಂದಿದ್ದೇನೆ," ಎಂದ ಇಂಗ್ಲಿಷಿನಲ್ಲಿ. "ಹತ್ತು ವರ್ಷದವನಿದ್ದೆ. ಚಿಕ್ಕಪ್ಪನ ಮನೆಯಲ್ಲಿ ಊಟ. ತಿಂದ ಮೇಲೆ ಗೊತ್ತಾಯಿತು, ಅದು ನಮ್ಮನೆಯ ನಾಯಿ, ಬಂತಾಯ್. ಆಮೇಲೆ ಮುಟ್ಟಿಲ್ಲ. ನೀವು ಮೊದಲೇ ಕೇಳಬಹುದಿತ್ತು, ಸರ್."

ನಾನು ಬರೆದ ನಿಯಮವನ್ನು ನಾನೇ ಹರಿದೆ. ಆದರೂ ರಮೋನ್ ಅನ್ನದ ಡಬ್ಬಿಯನ್ನು ಒಳಗಿಡಲಿಲ್ಲ. ಉಳಿದಿಬ್ಬರೂ ಹೇಳಲಿ ಎಂಬಂತೆ ಫ್ರಿಜ್ಜಿನ ಬಾಗಿಲು ತೆರೆದು ಹಿಡಿದು ನಿಂತ.

"ತಂಪೆಲ್ಲ ಹೊರಗೆ ಹೋಗ್ತದೆ ಮಾರಾಯ! ಒಳಗಿಟ್ಟು ಬಾಗಿಲು ಹಾಕು, ಯಲ್ಲಾ!" ಎಂದು ಅರಬ್ಬಿಯಲ್ಲೇ ಅವಸರಿಸುತ್ತ ದಿನೇಶ ಬಂಗುಡೆಯ ಪಕ್ಕದ ಜಾಗಕ್ಕೆ ಕೈ ತೋರಿಸಿದ.

ಶೇಷಾದ್ರಿ ಮೊಸರಿನ ಪಾತ್ರೆಯನ್ನು ಒಂದು ಗೇಣು ಆಚೆ ಸರಿಸಿದ. ಜಾಗ ಮಾಡಲೋ, ದೂರವಿಡಲೋ? ಉತ್ತರ ಸಿಗುವವರೆಗೆ ಕದಲಬಾರದೆಂದು ನಾನು ಅಲ್ಲೇ ನಿಂತೆ.