ಗಿಡದ ಡಾಕ್ಟರಮ್ಮ

೧೯೭೯ರ ಮಳೆಗಾಲ. ನಾನು ಮದುವೆಯಾಗಿ ಯಗಟಿಗೆ ಬಂದು ಇನ್ನೂ ವರ್ಷ ತುಂಬಿರಲಿಲ್ಲ. ಪಕ್ಕದ ಮನೆಯ ಖಾಲಿ ಕೋಣೆಗೆ ಗಿಡಗಳ ಸಂಶೋಧನೆಗೆಂದು ಮೈಸೂರಿನಿಂದ ಸುಭದ್ರಮ್ಮ ಎಂಬ ಮೇಡಂ ಬಾಡಿಗೆಗೆ ಬಂದರು. ಬೆಳಗಾದರೆ ಕುರಿ ಮೇಯುವ ಬಯಲಿಗೆ ಹೋಗಿ ಹುಲ್ಲು, ಬಳ್ಳಿ ತಂದು, ಹಳೇ ಪೇಪರಿನ ನಡುವೆ ಹರಡಿ ಮೇಲೆ ಕಲ್ಲು ಹೇರುತ್ತಿದ್ದರು. ಅವರು ಡಾಕ್ಟರ್ ಎಂದು ತಿಳಿದು ಊರಿನವರು ಮಂಡಿನೋವು, ಕೆಮ್ಮು ಎಂದು ಬರತೊಡಗಿದರು. "ನಾನು ಗಿಡದ ಡಾಕ್ಟರ್ ಕಣ್ರೀ, ಮನುಷ್ಯರ ಮದ್ದು ಗೊತ್ತಿಲ್ಲ" ಎಂದು ಹೇಳಿ ಹೇಳಿ ಅವರಿಗೆ ಸಾಕಾಯಿತು.

ನನಗೋ ಅವರ ಕೆಲಸದ್ದೇ ಕುತೂಹಲ. "ಕುರಿ ತಿನ್ನೋ ಹುಲ್ನ ಒಣಗ್ಸಿ ಏನ್ಮಾಡ್ತೀರಿ ಮೇಡಂ?" ಎಂದು ಕೇಳಿದೆ.

"ಕುರಿ ಯಾವುದನ್ನ ತಿನ್ನದೆ ಬಿಟ್ಟು ಹೋಗುತ್ತೆ, ಅದನ್ನೂ ನೋಡ್ತೀನಿ" ಎಂದು ಭೂತಗನ್ನಡಿ ಕೈಗೆ ಕೊಟ್ಟರು. ಹುಲ್ಲಿಗೂ ಹೂವಿರುತ್ತದೆಂದು ನಾನು ತಿಳಿದದ್ದು ಅವತ್ತೇ.

ಗೌರಿ ಹಬ್ಬ ಕಳೆದ ಮೇಲೆ ಒಂದು ದಿನ ನಮ್ಮವರು ಬೆಳಿಗ್ಗೆಯೇ ತೆಂಗಿನ ತೋಟದ ಬೇಲಿ ಸರಿಮಾಡಲು ಹೋದರು. ಮಧ್ಯಾಹ್ನ ಮನೆಗೆ ಬಂದವರೇ ವಾಂತಿ ಮಾಡತೊಡಗಿದರು. ಗಂಟಲು ಉರಿ, ಹೊಟ್ಟೆ ಹಿಂಡುವ ನೋವು. ನೋಡನೋಡುತ್ತ ನಿಲ್ಲಲಾರದಷ್ಟು ಸೋತುಹೋದರು. "ಹೋಗೇ, ಆ ಡಾಕ್ಟರಮ್ಮನ್ನ ಕರ್ಕೊಂಡ್ ಬಾ" ಎಂದರು ಅತ್ತೆ. ಎಂಥ ಡಾಕ್ಟರ್ ಎಂದು ಬಿಡಿಸಿ ಹೇಳುವ ಹೊತ್ತು ಅದಲ್ಲ. ಓಡಿದೆ.

ಸುಭದ್ರಮ್ಮ ಬಂದು ನಾಡಿ ಹಿಡಿಯಲಿಲ್ಲ. "ಬೆಳಿಗ್ಗೆಯಿಂದ ಏನೇನು ತಿಂದ್ರಿ?" ಎಂದು ಕೇಳಿದರು.

"ಬೇಲಿ ತಾವ ಗೆಣಸು ಸಿಕ್ತು. ಸುಟ್ಕೊಂಡ್ ತಿಂದೆ. ಕಹಿ ಇತ್ತು, ಅರ್ಧ ಬಿಸಾಕ್ದೆ."

ಮೇಡಂ ಬೇಲಿಯ ಯಾವ ಮೂಲೆ ಎಂದು ಕೇಳಿಕೊಂಡರು. "ಇವರನ್ನ ಬಸ್ಸಿಗೆ ಹತ್ತಿಸಿ, ಬರ್ತೀನಿ" ಎಂದವರೇ ಸೆರಗು ಸಿಕ್ಕಿಸಿಕೊಂಡು ತೋಟದ ಕಡೆ ಓಡಿದರು.

ಕಡೂರಿನ ಬಸ್ಸು ಹೊರಡುವಷ್ಟರಲ್ಲಿ ಏದುಸಿರು ಬಿಡುತ್ತ ಬಂದು ಹತ್ತಿದರು. ಕೈಯಲ್ಲಿ ಬೇರು ಸಮೇತ ಕಿತ್ತ ಒಂದು ಬಳ್ಳಿ. ಕೆಂಪು ಹಳದಿ ಬೆರೆತ ಹೂವು. ಹಬ್ಬಕ್ಕೆ ನಾವೇ ಕೊಯ್ದು ತಂದಿದ್ದ ಗೌರಿ ಹೂವು! ಬುಡದಲ್ಲಿ ಥೇಟ್ ಗೆಣಸಿನಂಥ ಗೆಡ್ಡೆ.

ಆಸ್ಪತ್ರೆಯ ಡಾಕ್ಟರು ಮೊದಲು ಕಾಲರಾ ಇರಬೇಕು ಎಂದರು. ಮೇಡಂ ಬಳ್ಳಿಯನ್ನು ಮೇಜಿನ ಮೇಲಿಟ್ಟು ಇಂಗ್ಲಿಷಿನಲ್ಲಿ ಏನೋ ಹೇಳಿದರು. ಡಾಕ್ಟರು ತಟ್ಟನೆ ಎದ್ದರು. ಹೊಟ್ಟೆ ತೊಳೆಸಿದರು, ಗ್ಲೂಕೋಸ್ ಹಾಕಿದರು. ಇನ್ನು ಕಾಯುವುದೊಂದೇ ಎಂದರು. ನಮ್ಮವರು ಕಣ್ಣು ಬಿಟ್ಟು ನೀರು ಕೇಳುವವರೆಗೂ ಮೇಡಂ ನನ್ನ ಪಕ್ಕದಿಂದ ಏಳಲಿಲ್ಲ.

ಅಲ್ಲೇ ಕೇಳಿದೆ, "ಇಷ್ಟ್ ಚೆಂದದ ಹೂವ್ಗೆ ವಿಷ ಯಾಕೆ ಮೇಡಂ?"

"ಅದಕ್ಕೆ ಓಡೋಕೆ ಕಾಲಿಲ್ವಲ್ಲಮ್ಮ. ಗೆಡ್ಡೆನೇ ತಿಂದ್ಬಿಟ್ರೆ ಬರೋ ಮಳೆಗೆ ಹೇಗೆ ಚಿಗುರಬೇಕು?"

ಮನೆಗೆ ಮರಳಿದ ಮೇಲೆ ಮೇಡಂ ಇನ್ನೊಂದು ಮಾತು ಹೇಳಿದರು: ಆ ವಿಷಕ್ಕೆ ಇವರ ಕೂದಲು ಉದುರಬಹುದು, ಹೆದರಬೇಡಿ, ಮತ್ತೆ ಬರುತ್ತದೆ. ಹಾಗೇ ಆಯಿತು. ದಿಂಬಿನ ತುಂಬ ಕೂದಲು ಕಂಡು ಅತ್ತೆ ಅತ್ತರು. ನಾನು ಹೆದರಲಿಲ್ಲ. ಮೈಸೂರಿಗೆ ಹೋಗಿದ್ದ ಮೇಡಂ ಮರುವರ್ಷ ಮತ್ತೆ ಬಂದು ಬಸ್ಸಿಳಿದಾಗ ನಮ್ಮವರು ತಲೆಯ ಟವಲು ತೆಗೆದು ಬಗ್ಗಿ ನಿಂತರು. "ನೋಡಿ ಮೇಡಂ, ಮೊದಲ್ಗಿಂತ ದಟ್ಟ ಬಂದೈತೆ." ಅವರು ನಕ್ಕಿದ್ದು ಇನ್ನೂ ಕಣ್ಣಿಗೆ ಕಟ್ಟಿದಂತಿದೆ.

ಆ ಬಳ್ಳಿಗಳನ್ನೆಲ್ಲ ಕಿತ್ತು ಸುಡಬೇಕೆಂದು ಅತ್ತೆ ಕುಡುಗೋಲು ಹಿಡಿದಿದ್ದರು. ನಾನೇ ತಡೆದೆ. "ಇರ್ಲಿ ಬಿಡತ್ತೆ, ಅದೇನು ತಾನಾಗಿ ಬಂದು ನಮ್ ಬಾಯಿಗೆ ಬಿತ್ತಾ?" ಎಂದೆ. ಈಗಲೂ ಮಳೆ ಬಿದ್ದರೆ ನಮ್ಮ ಬೇಲಿಯಲ್ಲಿ ಅದು ಹೂ ಬಿಡುತ್ತದೆ. ಮೊಮ್ಮಕ್ಕಳನ್ನು ಕರೆದುಕೊಂಡು ಹೋಗಿ ತೋರಿಸುತ್ತೇನೆ. ನೋಡಿ, ಆದರೆ ಬಾಯಿಗಿಡಬೇಡಿ ಎನ್ನುತ್ತೇನೆ.