ತಣ್ಣಗಿದ್ದಾಗ ನೋಡದ ಗಾಡಿ

ಹೀಟರ್ ಮೇಸ್ತ್ರಿಯ ಕೈಗೆ ಗಾಡಿ ಕೊಟ್ಟರೆ ಎರಡು ರಾತ್ರಿಯ ಮಟ್ಟಿಗೆ ಅದನ್ನು ಮರೆಯಬೇಕು. ಸಂಜೆ ತಂದು ಶೆಡ್ಡಿನ ಮುಂದಿನ ಅಂಗಳದಲ್ಲಿ ನಿಲ್ಲಿಸಿ, ಕೀ ಕೊಟ್ಟು, ನಡೆದುಕೊಂಡು ಮನೆಗೆ ಹೋಗಬೇಕು. ಬೆಳಗ್ಗೆ ಆರಕ್ಕೆ, ಬಾನೆಟ್ಟಿನ ಮೇಲೆ ಇಬ್ಬನಿ ಕೂತು ಇಂಜಿನ್ನು ಕಲ್ಲಿನಂತಾಗಿರುವಾಗ ಅವನು ಮೊದಲ ಸಲ ಅದನ್ನು ಮುಟ್ಟುತ್ತಾನೆ. ಸೂಟು ಬೂಟಿನ ಸಾಹೇಬರು ಬಂದು ಈಗಲೇ ನೋಡಿಕೊಡು ಎಂದು ಕೂಗಾಡಿದರೂ ಅವನು ಜಗ್ಗುವವನಲ್ಲ.

"ಜ್ವರ ಇಳಿದ ಮೇಲೆ ಡಾಕ್ಟರ್ ಹತ್ರ ಹೋದ್ರೆ ಏನ್ ಕಾಣುತ್ತೆ ಸ್ವಾಮಿ? ಬಿಸಿ ಇದ್ದಾಗ ಎಲ್ಲಾ ಗಾಡೀನೂ ಸ್ಟಾರ್ಟ್ ಆಗುತ್ತೆ. ಆತುರಗಾರನಿಗೆ ಬುದ್ಧಿ ಮಟ್ಟ," ಎಂದು ಮುಖಕ್ಕೆ ಹೊಡೆದಂತೆ ಹೇಳಿ ಕೈ ಒರೆಸಿಕೊಳ್ಳುತ್ತಿದ್ದ. ಬೈದುಕೊಂಡು ಹೋದವರೇ ಮಾರನೆಯ ವಾರ ಮರಳಿ ಬರುತ್ತಿದ್ದರು. ಯಾಕೆಂದರೆ ಆ ಚಳಿಯ ಊರಿನಲ್ಲಿ ಹಳೆಯ ಡೀಸೆಲ್ ಗಾಡಿಗಳ ಬೆಳಗಿನ ರೋಗ ಅವನಿಗೆ ಗೊತ್ತಿದ್ದಷ್ಟು ಇನ್ನೊಬ್ಬರಿಗೆ ಗೊತ್ತಿರಲಿಲ್ಲ.

ರೋಗವೇನೂ ದೊಡ್ಡದಲ್ಲ. ಡೀಸೆಲ್ಲಿಗೆ ಕಿಡಿ ಹೊತ್ತಿಸುವವರಿಲ್ಲ. ಗಾಳಿಯನ್ನು ಒತ್ತಿ ಒತ್ತಿ ಬಿಸಿ ಮಾಡಿಯೇ ಅದು ಉರಿಯಬೇಕು. ಚಳಿಯಲ್ಲಿ ಆ ಬಿಸಿ ಸಾಲದು. ಅದಕ್ಕೇ ಒಂದೊಂದು ಸಿಲಿಂಡರಿಗೂ ಬೆರಳು ಗಾತ್ರದ ಒಂದೊಂದು ಹೀಟರ್ ಪ್ಲಗ್ಗು. ಕೀಯನ್ನು ಅರ್ಧ ತಿರುಗಿಸಿದರೆ ರಿಲೇ ಎಂಬ ಪುಟ್ಟ ಡಬ್ಬಿ 'ಟಕ್' ಎನ್ನುತ್ತದೆ, ಪ್ಲಗ್ಗುಗಳಿಗೆ ಕರೆಂಟು ಹೋಗುತ್ತದೆ, ಎದುರಿಗೆ ಹಳದಿ ದೀಪ ಹತ್ತುತ್ತದೆ. ದೀಪ ಆರಿದ ಮೇಲೆ ಸ್ಟಾರ್ಟ್ ಮಾಡಬೇಕು. ಇಷ್ಟೇ ಕಥೆ. ಆದರೆ ಆ ದೀಪ ಮಹಾ ಸುಳ್ಳುಬುರುಕ. ಪ್ಲಗ್ಗುಗಳು ನಾಲ್ಕಕ್ಕೆ ನಾಲ್ಕೂ ಸತ್ತು ಬಿದ್ದಿದ್ದರೂ ತನ್ನ ಪಾಡಿಗೆ ಹತ್ತಿ, ತನ್ನ ಪಾಡಿಗೆ ಆರುತ್ತದೆ.

ಅದಕ್ಕೇ ಮೇಸ್ತ್ರಿ ಯಾವ ದೀಪವನ್ನೂ ನಂಬುತ್ತಿರಲಿಲ್ಲ. ನಾಲ್ಕೂ ಪ್ಲಗ್ಗುಗಳನ್ನು ಜೋಡಿಸುವ ತಗಡಿನ ಪಟ್ಟಿಯನ್ನು ಬಿಚ್ಚಿ, ಒಂದೊಂದನ್ನೇ ಬೇರೆ ಮಾಡಿ, ಒಂದು ಬಲ್ಬಿನ ತಂತಿ ಮುಟ್ಟಿಸಿ ನೋಡುತ್ತಿದ್ದ. ಬಲ್ಬು ಉರಿದರೆ ಪ್ಲಗ್ಗು ಬದುಕಿದೆ, ಉರಿಯದಿದ್ದರೆ ಸತ್ತಿದೆ. ಪಟ್ಟಿ ಬಿಚ್ಚದೆ ನೋಡಿದರೆ ಒಂದು ಬದುಕಿದ್ದರೂ ನಾಲ್ಕೂ ಬದುಕಿರುವಂತೆ ಕಾಣುತ್ತದೆ. ಎಲ್ಲ ಮುಗಿದ ಮೇಲೂ ಗಾಡಿಯನ್ನು ಇನ್ನೊಂದು ರಾತ್ರಿ ಚಳಿಗೆ ಬಿಟ್ಟು, ಬೆಳಗ್ಗೆ ತಾನೇ ಸ್ಟಾರ್ಟ್ ಮಾಡಿ ನೋಡಿಯೇ ಕೀ ಕೊಡುತ್ತಿದ್ದ. ಮೂವತ್ತು ವರ್ಷ ಹೀಗೇ ನಡೆಯಿತು.

ಮದುವೆ ಅಂತ ಅವನು ಆಗಲಿಲ್ಲ. ಅಮ್ಮ ತೀರಿಕೊಂಡಾಗ ಅವನಿಗೆ ಹತ್ತೊಂಬತ್ತು, ತಂಗಿಗೆ ಎಂಟು. ಅವಳ ಜಡೆ ಹಾಕುವುದನ್ನು ಅವನು ಪಕ್ಕದ ಮನೆಯ ಹೆಂಗಸಿನ ಹತ್ತಿರ ಹೇಳಿಸಿಕೊಂಡು ಕಲಿತ. ಗ್ರೀಸು ಹತ್ತಿದ ಬೆರಳಿನಿಂದ ರಿಬ್ಬನ್ನು ಕೊಳೆಯಾಗಬಾರದೆಂದು ಬೆಳಗ್ಗೆ ಶೆಡ್ಡಿಗೆ ಹೋಗುವ ಮುಂಚೆಯೇ ಜಡೆ ಹಾಕಿಬಿಡುತ್ತಿದ್ದ. ಅವಳನ್ನು ಓದಿಸಿ, ಕನ್ನಡಕದ ಅಂಗಡಿಯಲ್ಲಿ ಗಾಜು ಉಜ್ಜುವ ಒಬ್ಬ ನಗುಮುಖದವನಿಗೆ ಕೊಟ್ಟು ಮದುವೆ ಮಾಡಿದ. ಆಮೇಲೆ ನಿನ್ನ ಮದುವೆ ಯಾವಾಗ ಎಂದು ಯಾರಾದರೂ ಕೇಳಿದರೆ, "ನನ್ನ ಇಂಜಿನ್ ತಣ್ಣಗಾಗಿ ಬಹಳ ವರ್ಷ ಆಯ್ತು ಬಿಡಿ," ಎಂದು ನಕ್ಕುಬಿಡುತ್ತಿದ್ದ. ಭಾನುವಾರ ಭಾನುವಾರ ತಂಗಿಯ ಮನೆಯಲ್ಲಿ ಟೀ ಕುಡಿಯುವುದು, ಭಾವನ ಜೊತೆ ಹರಟೆ ಹೊಡೆಯುವುದು, ಇದೇ ಅವನ ಸಂಸಾರ.

ಭಾವನಿಗೆ ಕಿಡ್ನಿ ಕೈಕೊಟ್ಟಿತು. ವಾರಕ್ಕೆ ಮೂರು ಸಲ ಬೆಳಗ್ಗೆ ಆರೂವರೆಗೆ ಆಸ್ಪತ್ರೆಯಲ್ಲಿರಬೇಕು, ನಾಲ್ಕು ಗಂಟೆ ಯಂತ್ರಕ್ಕೆ ಮೈಯೊಡ್ಡಿ ಮಲಗಬೇಕು. "ಬೇರೆಯವರು ಗಾಡಿಗೆ ವರ್ಷಕ್ಕೊಂದ್ಸಲ ಆಯಿಲ್ ಬದಲಾಯಿಸ್ತಾರೆ, ನನಗೆ ವಾರಕ್ಕೆ ಮೂರು ಸಲ. ಎಷ್ಟು ದುಬಾರಿ ಇಂಜಿನ್ ನೋಡು ನಾನು," ಎಂದು ಅವನೇ ತಮಾಷೆ ಮಾಡುತ್ತಿದ್ದ. ಅವರ ಬಳಿ ಇದ್ದದ್ದು ಇಪ್ಪತ್ತೆರಡು ವರ್ಷದ ಹಳೆಯ ಡೀಸೆಲ್ ಕಾರು. ಭಾವನಿಗೆ ಕಣ್ಣು ಕತ್ತಲೆ ಬರುತ್ತಿದ್ದುದರಿಂದ ತಂಗಿ ನಲವತ್ತೈದನೇ ವಯಸ್ಸಿನಲ್ಲಿ ಡ್ರೈವಿಂಗ್ ಕಲಿತಳು. ಕಲಿಸಿದವನು ಅಣ್ಣನೇ. ಮೈದಾನದಲ್ಲಿ ಅವಳು ಕ್ಲಚ್ ಬಿಟ್ಟಾಗಲೆಲ್ಲ ಕಾರು ಕಪ್ಪೆಯಂತೆ ಕುಪ್ಪಳಿಸಿ ನಿಲ್ಲುತ್ತಿತ್ತು, ಹಿಂದೆ ಕೂತ ಭಾವ ಚಪ್ಪಾಳೆ ತಟ್ಟುತ್ತಿದ್ದ.

ಆ ವರ್ಷದ ಚಳಿ ಬೇಗ ಬಂತು. ಒಂದು ಮಧ್ಯಾಹ್ನ ತಂಗಿ ಆಸ್ಪತ್ರೆಯಿಂದ ನೇರ ಶೆಡ್ಡಿಗೆ ಗಾಡಿ ತಂದಳು. ಹಿಂದಿನ ಸೀಟಿನಲ್ಲಿ ಭಾವ ಶಾಲು ಹೊದ್ದು ಒರಗಿದ್ದ, ಮುಖ ಊದಿಕೊಂಡಿತ್ತು.

"ಅಣ್ಣ, ಅಲ್ಲಿ ಯಂತ್ರ ಕೆಟ್ಟಿದೆಯಂತೆ. ಅರ್ಧಕ್ಕೇ ಎಬ್ಬಿಸಿ ಕಳಿಸಿದ್ರು. ನಾಳೆ ಬೆಳಗ್ಗೆ ಬರಲೇಬೇಕು ಅಂದಿದ್ದಾರೆ. ಈ ಗಾಡಿ ನೋಡಿದ್ರೆ ಇವತ್ತು ಬೆಳಗ್ಗೆ ಏಳು ಸಲ ತಿರುಗಿಸಿದ ಮೇಲೆ ಹತ್ತಿತು. ಬಿಳೀ ಹೊಗೆ ಬೇರೆ."

ಬೇರೆ ಯಾರೇ ಆಗಿದ್ದರೂ ರಾತ್ರಿ ಬಿಟ್ಟು ಹೋಗಿ ಎನ್ನುತ್ತಿದ್ದ. ನಾಳೆ ಬೆಳಗ್ಗೆಗೇ ಗಾಡಿ ಬೇಕಲ್ಲ! ಬಾನೆಟ್ ಎತ್ತಿದ. ಕೀ ತಿರುಗಿಸಿದರೆ 'ಟಕ್' ಎನ್ನಲಿಲ್ಲ, ರಿಲೇ ಸತ್ತಿತ್ತು. ಸರಿಯಾಗಿಯೇ ಹಿಡಿದ. ಅಂಥ ರಿಲೇ ಅಂದು ಎಲ್ಲೂ ಸಿಗುವಂತಿರಲಿಲ್ಲ. ಬ್ಯಾಟರಿಯಿಂದ ಒಂದು ದಪ್ಪ ತಂತಿ ಎಳೆದು, ಸ್ಟಿಯರಿಂಗ್ ಕೆಳಗೆ ಒಂದು ಒತ್ತುಗುಂಡಿ ಕೂರಿಸಿ, ಕರೆಂಟನ್ನು ನೇರ ಪಟ್ಟಿಗೆ ಕೊಟ್ಟ. ಗುಂಡಿ ಒತ್ತಿ ಪಟ್ಟಿಗೆ ಬಲ್ಬು ಮುಟ್ಟಿಸಿದರೆ ಝಗ್ ಎಂದು ಉರಿಯಿತು.

ಇನ್ನು ಪಟ್ಟಿ ಬಿಚ್ಚಿ ಪ್ಲಗ್ಗುಗಳನ್ನು ಒಂದೊಂದಾಗಿ ನೋಡಬೇಕು. ನಟ್ಟುಗಳಿಗೆ ತುಕ್ಕು ಹಿಡಿದಿತ್ತು. ಎಣ್ಣೆ ಬಿಟ್ಟು ಒಂದು ರಾತ್ರಿ ನೆನೆಯಿಸಬೇಕು. ಬಲವಂತ ಮಾಡಿ ಪ್ಲಗ್ಗಿನ ತುದಿ ಮುರಿದರೆ ವಾರಗಟ್ಟಲೆ ಕೆಲಸ, ನಾಳೆಯ ಗತಿ? ಸ್ಪ್ಯಾನರ್ ಹಾಕಿ, ಸ್ವಲ್ಪ ಎಳೆದು, ನಟ್ಟು ಬಿಚ್ಚದೆಯೇ ಸ್ಪ್ಯಾನರನ್ನು ಹಿಂದೆ ತೆಗೆದುಬಿಟ್ಟ. ಕರೆಂಟು ಬರುತ್ತಿದೆ, ಸಾಕು. ಉಳಿದದ್ದು ಭಾನುವಾರ. ಕೀ ತಿರುಗಿಸಿದ ಕೂಡಲೇ ಇಂಜಿನ್ನು ಗುಟುರು ಹಾಕಿತು. ಹಾಕದೇ ಏನು, ಆಸ್ಪತ್ರೆಯಿಂದ ಓಡಿ ಬಂದು ಇನ್ನೂ ಕಾದಿತ್ತು! ಮೂವತ್ತು ವರ್ಷ ಊರಿಗೆಲ್ಲ ಸಾರಿದ ಮಾತು ತನ್ನ ಒಡಹುಟ್ಟಿದವಳ ಗಾಡಿಯ ಹೊತ್ತಿಗೆ ಅವನಿಗೇ ನೆನಪಾಗಲಿಲ್ಲ. ಅಲ್ಲ, ನೆನಪಾಯಿತು, ತಳ್ಳಿಹಾಕಿದ. ಒಂದು ಬಾಡಿಗೆ ಕಾರು ಗೊತ್ತು ಮಾಡಬಹುದಿತ್ತು. ಅದಂತೂ ಹೊಳೆಯಲೇ ಇಲ್ಲ.

"ನೋಡು," ಎಂದು ತಂಗಿಗೆ ಹೇಳಿಕೊಟ್ಟ, "ಗುಂಡಿ ಒತ್ತಿ ಹಿಡ್ಕೊಂಡು ಇಪ್ಪತ್ತರ ತನಕ ಎಣಿಸು. ಆಮೇಲೆ ಕೀ. ಮೊದಲನೇ ಸಲಾನೇ ಪೂರ್ತಿ ಹಿಡೀಬೇಕು, ಎರಡನೇ ಸಲಕ್ಕೆ ಬ್ಯಾಟರಿ ಸುಸ್ತಾಗಿರುತ್ತೆ."

"ಅವಳಿಗೆ ಇಪ್ಪತ್ತರ ತನಕ ಬರುತ್ತೆ, ನಾನೇ ಹೇಳಿಕೊಟ್ಟಿದ್ದೀನಿ," ಎಂದ ಭಾವ ಹಿಂದಿನ ಸೀಟಿನಿಂದ. ಅವನು ಮೇಸ್ತ್ರಿಗೆ ಹೇಳಿದ ಕೊನೆಯ ಮಾತು ಅದು.

ಬೆಳಗ್ಗೆ ಆರಕ್ಕೆ ಮುಂಚೆ ತಂಗಿಯ ಫೋನ್ ಬಂತು. ಗಾಡಿ ಹತ್ತುತ್ತಿಲ್ಲ, ಬ್ಯಾಟರಿಯೂ ಮುಗಿಯಿತು, ಅವರಿಗೆ ಉಸಿರಾಡಲು ಆಗುತ್ತಿಲ್ಲ, ಆಂಬುಲೆನ್ಸ್ ಇನ್ನೂ ಬಂದಿಲ್ಲ. ಅವನು ಬೇರೆ ಬ್ಯಾಟರಿಯನ್ನು ಸ್ಕೂಟರಿನ ಮುಂದಿಟ್ಟುಕೊಂಡು ಊರಿನ ಆ ತುದಿಯಿಂದ ಈ ತುದಿಗೆ ಬಂದ. ಅಷ್ಟರಲ್ಲಿ ಕೆಳಮನೆಯವರು ತಮ್ಮ ಕಾರಿನಲ್ಲಿ ಕರೆದುಕೊಂಡು ಹೋಗಿದ್ದರು. ಆಸ್ಪತ್ರೆಯ ಗೇಟು ಕಾಣುತ್ತಿದ್ದ ಹಾಗೆ ಭಾವ ಹೆಂಡತಿಯ ತೊಡೆಯ ಮೇಲೆ ಪ್ರಾಣ ಬಿಟ್ಟ. ಹತ್ತು ನಿಮಿಷ ಮುಂಚೆ ಬಂದಿದ್ದರೆ ನೋಡಬಹುದಿತ್ತು ಎಂದರು ಡಾಕ್ಟರು. ಡಾಕ್ಟರುಗಳು ಯಾಕಾದರೂ ಇಂಥ ಮಾತು ಆಡುತ್ತಾರೋ!

ಎಲ್ಲ ಮುಗಿದು ಮೂರನೆಯ ದಿನ ಬೆಳಗ್ಗೆ ಮೇಸ್ತ್ರಿ ಬೀದಿಯಲ್ಲಿ ನಿಂತಿದ್ದ ಆ ಕಾರಿನ ಬಾನೆಟ್ ಎತ್ತಿದ. ಈಗ ನಟ್ಟು ಮುರಿದರೆ ಯಾರಿಗೇನು? ಒಂದೂ ಮುರಿಯಲಿಲ್ಲ. ಪಟ್ಟಿ ತೆಗೆದು ಬಲ್ಬು ಮುಟ್ಟಿಸಿದ. ಮೊದಲನೆಯದು ಸತ್ತಿತ್ತು. ಎರಡನೆಯದು ಸತ್ತಿತ್ತು. ಮೂರನೆಯದು ಉರಿಯಿತು. ನಾಲ್ಕನೆಯದು ಸತ್ತಿತ್ತು. ಹಿಂದಿನ ದಿನಕ್ಕಿಂತ ಹೆಚ್ಚಿದ್ದ ಆ ಬೆಳಗಿನ ಚಳಿಯಲ್ಲಿ ಒಂದು ಪ್ಲಗ್ಗಿನಿಂದ ಇಪ್ಪತ್ತಲ್ಲ, ಇನ್ನೂರು ಎಣಿಸಿದರೂ ಆ ಗಾಡಿ ಹತ್ತುತ್ತಿರಲಿಲ್ಲ. ಸತ್ತ ಮೂರನ್ನೂ ಬಿಚ್ಚಿ ಜೇಬಿಗೆ ಹಾಕಿಕೊಂಡು ಮಹಡಿ ಹತ್ತಿದ. ಹೇಳಿಬಿಡಬೇಕೆಂದೇ ಹತ್ತಿದ್ದು.

ತಂಗಿ ಅಡುಗೆಮನೆಯ ನೆಲದ ಮೇಲೆ ಕೂತಿದ್ದಳು. ಅವನನ್ನು ಕಂಡದ್ದೇ ತಡ, ಅವಳೇ ಬಾಯಿಬಿಟ್ಟಳು.

"ಅಣ್ಣ, ನಾನು ಹದಿನಾಲ್ಕಕ್ಕೇ ಕೈ ತೆಗೆದುಬಿಟ್ಟೆ. ಅವರು ಹಿಂದೆ ಉಸಿರು ಎಳೀತಿದ್ದಿದ್ದು ಕೇಳಿ ಹೆದರಿಕೆಯಾಯ್ತು. ಮೊದಲನೇ ಸಲಾನೇ ಪೂರ್ತಿ ಹಿಡೀಬೇಕು ಅಂತ ನೀನು ಹೇಳಿದ್ದೆ. ಆರು ಎಣಿಸೋಕೆ ಆಗ್ಲಿಲ್ಲ ನನಗೆ."

ಆಗ ಹೇಳಬೇಕಿತ್ತು. ಜೇಬಿನಲ್ಲಿ ಕೈಯಿತ್ತು, ಕೈಯಲ್ಲಿ ಪ್ಲಗ್ಗುಗಳಿದ್ದವು. ಈ ಒಬ್ಬಳೂ ತನ್ನ ಮುಖ ನೋಡದೆ ಹೋದರೆ ಲೋಕದಲ್ಲಿ ತನಗಿರುವವರು ಯಾರು ಎಂಬ ಹೆದರಿಕೆಯಿಂದ ಅವನ್ನು ಜೇಬಿನಲ್ಲೇ ಬಿಟ್ಟು ಕೈ ಹೊರತೆಗೆದ. "ಹಾಗೆಲ್ಲ ಯೋಚನೆ ಮಾಡಬಾರದಮ್ಮ," ಎಂದ. ಸಮಾಧಾನವೆಂದು ಆಡಿದ ಮಾತು ತಪ್ಪನ್ನು ಮನ್ನಿಸಿದಂತೆ ಕೇಳಿಸಿತು. ಅವಳು ಇನ್ನೂ ಜೋರಾಗಿ ಅತ್ತಳು. ಮಾತು ಬೆಳ್ಳಿ, ಮೌನ ಬಂಗಾರ ಅಂತಾರೆ. ಅಂಥ ಬಂಗಾರಕ್ಕಿಷ್ಟು ಬೆಂಕಿ ಬೀಳಲಿ.

ಮೂರು ತಿಂಗಳು ಭಾನುವಾರಗಳು ಎಂದಿನಂತೆ ಬಂದವು. ಅವನು ಹೋಗುತ್ತಿದ್ದ, ಟೀ ಕುಡಿಯುತ್ತಿದ್ದ. ತಂಗಿ ಒಲೆಯ ಮುಂದೆ ನಿಂತು ತನಗೇ ಗೊತ್ತಿಲ್ಲದೆ ಎಣಿಸುತ್ತಿದ್ದಳು. ಹನ್ನೆರಡು, ಹದಿಮೂರು, ಹದಿನಾಲ್ಕು. ಅಲ್ಲಿಗೆ ನಿಂತುಬಿಡುತ್ತಿದ್ದಳು. ಪ್ರತಿ ಸಲವೂ ಮುಂದಿನ ವಾರ ಹೇಳೋಣ ಎಂದುಕೊಂಡು ಅವನು ಮೆಟ್ಟಿಲಿಳಿಯುತ್ತಿದ್ದ.

ಒಂದು ಭಾನುವಾರ ಭಾವನ ತಾಯಿ ಬಂದಿದ್ದರು. ಎಂಬತ್ತು ದಾಟಿದ ಮುದುಕಿ, ಮಗ ಹೇಗೆ ಹೋದ ಎಂದು ಬಿಡಿಸಿ ಬಿಡಿಸಿ ಕೇಳಿದರು. ತಂಗಿ ಒಂದನ್ನೂ ಮುಚ್ಚಿಡದೆ ಹೇಳಿದಳು. ಮುದುಕಿ ಅವಳ ಕಡೆ ತಿರುಗಿ, "ಆರು ಎಣಿಸೋಷ್ಟು ತಾಳ್ಮೆ ಇರ್ಲಿಲ್ವೇನೇ ನಿನಗೆ?" ಎಂದರು. ಗದರಲಿಲ್ಲ, ಕೇಳಿದರು ಅಷ್ಟೇ. ತಂಗಿ ತಲೆ ತಗ್ಗಿಸಿದಳು. ಮೇಸ್ತ್ರಿ ಎದುರಿನ ಕುರ್ಚಿಯಲ್ಲಿ ಕಪ್ಪು ಹಿಡಿದುಕೊಂಡೇ ಕೂತಿದ್ದ.

ಆ ವಾರ ಅವನು ಶೆಡ್ಡಿನ ಬಾಗಿಲು ತೆಗೆಯಲಿಲ್ಲ, ಅನ್ನವೂ ಸೇರಲಿಲ್ಲ. ಭಾನುವಾರದ ತನಕ ತಡೆಯಲಾರದೆ ಶುಕ್ರವಾರ ಮಧ್ಯಾಹ್ನವೇ ಹೋಗಿ, ಮೂರು ಪ್ಲಗ್ಗುಗಳನ್ನು ಮೇಜಿನ ಮೇಲಿಟ್ಟು, ಮೊದಲಿನಿಂದ ಕೊನೆಯ ತನಕ ಹೇಳಿಬಿಟ್ಟ. ಪಟ್ಟಿ ಬಿಚ್ಚದೆ ಬಿಟ್ಟದ್ದು, ಬಿಸಿ ಗಾಡಿಯನ್ನು ಸ್ಟಾರ್ಟ್ ಮಾಡಿ ಸರಿಯಿದೆ ಅಂದದ್ದು, ಮೂರನೆಯ ದಿನವೇ ಎಲ್ಲ ಗೊತ್ತಾದದ್ದು. "ನಿನ್ನ ತಪ್ಪು ಒಂದ್ ಚೂರೂ ಇಲ್ಲಮ್ಮ. ಎಲ್ಲಾ ನನ್ನದೇ."

ತಂಗಿ ಒಂದು ಪ್ಲಗ್ಗನ್ನು ಎತ್ತಿ, ಹಿಂದೆ ಮುಂದೆ ತಿರುಗಿಸಿ ನೋಡಿ, ಕೆಳಗಿಟ್ಟಳು.

"ಗಾಡಿ ವಿಷಯ ಬಿಡು. ನಮಗೋಸ್ಕರ ಅವಸರ ಮಾಡಿದೆ, ತಪ್ಪಿದೆ. ಅದನ್ನ ನಾನು ಮರೀತಿದ್ದೆ," ಎಂದಳು. "ಅತ್ತೆ ಆ ಮಾತು ಕೇಳಿದಾಗ ನೀನು ಇಲ್ಲೇ ಕೂತಿದ್ದೆ ಅಣ್ಣ."

ಅವನು ಪ್ಲಗ್ಗುಗಳನ್ನು ಒಂದೊಂದಾಗಿ ಎತ್ತಿ ಜೇಬಿಗೆ ಹಾಕಿಕೊಂಡ.

"ಹೋಗಿ ಅವರಿಗೆ ಹೇಳು. ಅವರು ನಂಬಿ, ನನಗೆ ಫೋನ್ ಮಾಡಿ ನಿನ್ನ ತಪ್ಪಲ್ಲ ಅಂತ ಒಂದ್ ಮಾತು ಹೇಳಲಿ. ಆಮೇಲೆ ಈ ಮನೆಗೆ ಬಾ."

ಮಾರನೆಯ ದಿನ ಬಸ್ಸು ಹತ್ತಿ, ಮೂರು ಗಂಟೆ ಕೂತು, ಮುದುಕಿಯ ಊರಿಗೆ ಹೋದ. ಅವರು ಕಿಟಕಿಯ ಪಕ್ಕ ಹಾಸಿಗೆಯಲ್ಲಿದ್ದರು. ಅವನು ನೆಲದ ಮೇಲೆ ಕೂತು ಎಲ್ಲವನ್ನೂ ಹೇಳಿದ. ರಿಲೇ, ಪಟ್ಟಿ, ತುಕ್ಕು, ಬಲ್ಬು ಎಂದು ಒಂದೊಂದನ್ನೂ ಬಿಡಿಸಿ ಹೇಳಿದ. ಪ್ಲಗ್ಗುಗಳನ್ನು ಅವರ ಅಂಗೈ ಮೇಲಿಟ್ಟ. ಹದಿನಾಲ್ಕಕ್ಕೂ ಇಪ್ಪತ್ತಕ್ಕೂ ಏನೇನೂ ವ್ಯತ್ಯಾಸವಿರಲಿಲ್ಲ, ಕೊಂದವನು ನಾನು ಎಂದು ಅವರ ಕಾಲು ಹಿಡಿದುಕೊಂಡ.

ಮುದುಕಿ ಆ ಕಬ್ಬಿಣದ ಚೂರುಗಳನ್ನು ನೋಡಿದರು. ಅವರಿಗೆ ಮೊಳೆಗಳೂ ಒಂದೇ, ಪ್ಲಗ್ಗುಗಳೂ ಒಂದೇ.

"ಹಾಗಿದ್ರೆ ಅವತ್ತು ಯಾಕಪ್ಪ ಹೇಳ್ಲಿಲ್ಲ? ಎದುರಿಗೇ ಇದ್ಯಲ್ಲ," ಎಂದರು.

ಅವನು ಬಾಯಿ ತೆರೆದ. ಹೆದರಿದೆ ಎನ್ನಬೇಕಿತ್ತು. ಅಳು ಬಂದು ಮಾತು ಹೊರಡಲಿಲ್ಲ. ಮುದುಕಿ ಪ್ಲಗ್ಗುಗಳನ್ನು ಅವನ ಕೈಗೆ ಹಾಕಿ, ಬೆರಳು ಮಡಿಸಿ, ಅವನ ತಲೆ ಸವರಿದರು.

"ತಂಗಿಗೋಸ್ಕರ ಇಷ್ಟು ದೂರ ಬಂದು, ಇಲ್ಲದ ತಪ್ಪು ಮೈಮೇಲೆ ಹಾಕ್ಕೊಳ್ತೀಯಲ್ಲಪ್ಪ. ನಿನ್ನಂಥ ಅಣ್ಣ ಎಷ್ಟು ಜನಕ್ಕೆ ಸಿಗ್ತಾನೆ? ಹೋಗು ಮಗಾ, ನಾನು ಅವಳಿಗೆ ಏನೂ ಅನ್ನಲ್ಲ. ಆದದ್ದು ಆಗಿಹೋಯ್ತು, ಅವಳನ್ನ ಕ್ಷಮಿಸಿದ್ದೀನಿ ಅಂತ ಹೇಳು."

ಅವನು ಮತ್ತೆ ಮೊದಲಿನಿಂದ ಹೇಳತೊಡಗಿದ. ಮುದುಕಿ ಸೊಸೆಯ ಅಣ್ಣನ ಒಳ್ಳೆಯತನಕ್ಕೆ ಕಣ್ಣೊರೆಸಿಕೊಳ್ಳುತ್ತ ಕೇಳುತ್ತಿದ್ದರು.