ತಾತನ ದ್ವೀಪದವಳು

ಗೋಥೆನ್‌ಬರ್ಗಿನಲ್ಲಿ ನನಗಿದ್ದ ಒಬ್ಬಳೇ ಆಪ್ತ ಗೆಳತಿಯನ್ನು ಅಮ್ಮನಿಗೆ ಪರಿಚಯ ಮಾಡಿಸಿದವಳು ನಾನೇ. ಆಮೇಲೆ ಆ ಬೇಸಿಗೆಯುದ್ದಕ್ಕೂ ಅವರಿಬ್ಬರನ್ನು ನೋಡಿ ಹೊಟ್ಟೆ ಉರಿಸಿಕೊಂಡವಳೂ ನಾನೇ.

ಗೆಳತಿ ಪಪುವಾ ನ್ಯೂಗಿನಿ ದೇಶದವಳು. ಸ್ವೀಡನ್ನಿನವನನ್ನು ಮದುವೆಯಾಗಿ ಬಂದು ಇಲ್ಲಿ ನರ್ಸ್ ಆಗಿದ್ದಾಳೆ. ನಾನು ಯೂನಿವರ್ಸಿಟಿಯ ಲ್ಯಾಬಿನಲ್ಲಿ ಲೋಹಗಳ ಮೇಲೆ ಸಂಶೋಧನೆ ಮಾಡುವವಳು. ನಮ್ಮಿಬ್ಬರ ಮಕ್ಕಳು ಒಂದೇ ದಾಗಿಸ್‌ಗೆ, ಅಂದರೆ ಇಲ್ಲಿಯ ಶಿಶುವಿಹಾರಕ್ಕೆ, ಹೋಗುತ್ತಿದ್ದುದರಿಂದ ಸಂಜೆ ಗೇಟಿನ ಬಳಿ ನಿಂತು ಮಾತಾಡಿ ಮಾತಾಡಿಯೇ ಸ್ನೇಹವಾಗಿತ್ತು. ಮಾತೆಲ್ಲ ಇಂಗ್ಲಿಷಿನಲ್ಲಿ.

ಅಮ್ಮ ಮೈಸೂರಿನಿಂದ ಬಂದದ್ದು ಮೇ ತಿಂಗಳ ಕೊನೆಗೆ. ಹೈಸ್ಕೂಲಿನಲ್ಲಿ ಇಂಗ್ಲಿಷ್ ಪಾಠ ಮಾಡಿ ನಿವೃತ್ತಳಾದವಳು. ಅಪರಿಚಿತರ ಜೊತೆ ಮಾತಾಡಲು ಅವಳಿಗೆ ಸಂಕೋಚವಿಲ್ಲ. ಬಂದ ವಾರವೇ ಗೆಳತಿಯನ್ನು ಮನೆಗೆ ಫೀಕಾಕ್ಕೆ, ಇಲ್ಲಿಯವರ ಕಾಫಿ-ತಿಂಡಿಯ ಹೊತ್ತಿಗೆ, ಕರೆದೆ. ಅಮ್ಮ ಚಕ್ಕುಲಿ ಡಬ್ಬಿಯನ್ನು ಅವಳ ಮುಂದೆ ತಳ್ಳಿ, "ನಿಮ್ಮ ಸ್ವಂತ ಊರು ಯಾವುದಮ್ಮ?" ಎಂದು ಕೇಳಿದಳು.

"ನ್ಯೂ ಬ್ರಿಟನ್ ಅಂತ ಒಂದು ದ್ವೀಪ. ರಬೌಲ್ ಅನ್ನೋ ಊರಿನ ಹತ್ತಿರ. ಯಾರಿಗೂ ಗೊತ್ತಿರಲ್ಲ ಬಿಡಿ."

ಅಮ್ಮ ಕಾಫಿ ಲೋಟ ಕೆಳಗಿಟ್ಟಳು. "ರಬೌಲ್," ಎಂದು ಮೆಲ್ಲಗೆ ಒಮ್ಮೆ ಅಂದು ನೋಡಿದಳು. "ನಮ್ಮ ತಂದೆ ಅಲ್ಲಿದ್ರು. ಯುದ್ಧದಲ್ಲಿ ಜಪಾನಿನವರು ಸೆರೆ ಹಿಡಿದು ಹಡಗಲ್ಲಿ ಕರ್ಕೊಂಡು ಹೋಗಿದ್ರು."

ಆ ಹೆಸರನ್ನು ನಾನು ಅಮ್ಮನ ಬಾಯಲ್ಲಿ ಕೇಳಿದ್ದು ಅದೇ ಮೊದಲು. ತಾತ ಸಿಪಾಯಿಯಾಗಿದ್ದರು, ಸಿಂಗಪುರ ಸೋತಾಗ ಜಪಾನೀಯರ ಕೈಗೆ ಸಿಕ್ಕರು, ಎರಡನೇ ಮಹಾಯುದ್ಧ ಮುಗಿಯುವವರೆಗೆ ಯಾವುದೋ ದ್ವೀಪದಲ್ಲಿ ಮಣ್ಣು ಹೊತ್ತರು. ನನಗೆ ಗೊತ್ತಿದ್ದದ್ದು ಇಷ್ಟೇ. ನಾನು ಹೈಸ್ಕೂಲಿಗೆ ಸೇರುವ ತನಕ ಅವರು ನಮ್ಮ ಜೊತೆಯಲ್ಲೇ ಇದ್ದರು. ಸೈಕಲ್ ಕಲಿಸಿದವರು ಅವರು, ಸ್ಕೂಲಿಗೆ ಬಿಟ್ಟು ಬರುತ್ತಿದ್ದವರು ಅವರು. ಬೆನ್ನಿನ ಮೇಲೆ ಬೆರಳಷ್ಟು ದಪ್ಪದ ಗೆರೆಗಳಿದ್ದವು. ಮುಟ್ಟಿ ಕೇಳಿದರೆ "ಹಳೇದು ಕಣವ್ವ" ಎನ್ನುತ್ತಿದ್ದರು. ಸಂಕ್ರಾಂತಿಯ ದಿನ ಮನೆಯಲ್ಲಿ ಗೆಣಸು ಬೇಯಿಸಲು ಇಟ್ಟರೆ ಸಾಕು, ಚಪ್ಪಲಿ ಮೆಟ್ಟಿ ಹೊರಗೆ ಹೋಗಿಬಿಡುತ್ತಿದ್ದರು. ಅದು ಅವರ ಒಂದು ವಿಚಿತ್ರ ಎಂದು ನಾವೆಲ್ಲ ನಗುತ್ತಿದ್ದೆವು.

ಗೆಳತಿ ಕುರ್ಚಿ ಎಳೆದುಕೊಂಡು ಅಮ್ಮನ ಪಕ್ಕಕ್ಕೆ ಬಂದಳು. "ನಮ್ಮ ಬುಬು ಇಂಡಿಯನ್ನರ ಬಗ್ಗೆ ಹೇಳ್ತಿದ್ರು," ಎಂದಳು. ಅವರ ಕಡೆ ಅಜ್ಜಿಗೆ ಬುಬು ಎನ್ನುತ್ತಾರೆ. "ರಸ್ತೆ ಅಗೆಯೋಕೆ ಅವರನ್ನ ಸಾಲಾಗಿ ಕರ್ಕೊಂಡು ಹೋಗ್ತಿದ್ರಂತೆ. ನಮ್ಮವರು ಜಪಾನಿ ಸಿಪಾಯಿ ಕಂಡ ಕೂಡಲೇ ಸೊಂಟ ಬಗ್ಗಿಸಿ ನಮಸ್ಕಾರ ಮಾಡ್ಬೇಕಿತ್ತು. ಬಗ್ಗಿದ ಹಾಗೇ ಬುಬು ಆ ಇಂಡಿಯನ್ನರ ಕಾಲು ನೋಡ್ತಿದ್ರಂತೆ. ಹುಣ್ಣಾದ ಕಾಲುಗಳು."

ಅಮ್ಮ ಅವಳ ಕೈ ಹಿಡಿದುಕೊಂಡಳು. ನಾನು ಚಕ್ಕುಲಿ ಮುರಿಯುತ್ತ ಎದುರಿಗೆ ಕೂತಿದ್ದೆ.

ಆಮೇಲೆ ಅಮ್ಮನಿಗೆ ಅವಳ ಹುಚ್ಚು ಹಿಡಿಯಿತು. ಊರಂಚಿನಲ್ಲಿ ಗೆಳತಿಗೆ ಬಾಡಿಗೆಯ ತೋಟವೊಂದಿತ್ತು, ಒಂದು ಕೋಣೆಯ ಮರದ ಮನೆ, ಸುತ್ತ ನಾಲ್ಕು ಪಾತಿ. ಅವಳಿಗೆ ರಜೆ ಇದ್ದ ದಿನವೆಲ್ಲ ಅಮ್ಮ ಟ್ರಾಮ್ ಹತ್ತಿ ಅಲ್ಲಿಗೆ ಹೋಗುತ್ತಿದ್ದಳು. ನನ್ನ ಜೊತೆ ಸಮುದ್ರ ನೋಡಲು ಬಾ ಎಂದರೆ ಮಂಡಿ ನೋವು. ಅಲ್ಲಿ ಮಂಡಿಯೂರಿ ಕಳೆ ಕೀಳುವಾಗ ನೋವಿಲ್ಲ. ಗೆಳತಿ ಅವಳನ್ನು "ಮಾಮಾ" ಎಂದು ಕರೆಯತೊಡಗಿದ್ದಳು. ಅವರ ದೇಶದಲ್ಲಿ ಹಿರಿಯ ಹೆಂಗಸರನ್ನೆಲ್ಲ ಹಾಗೇ ಕರೆಯುತ್ತಾರೆಂದು ನನಗೆ ಗೊತ್ತಿತ್ತು. ಆದರೂ ಕೇಳಿದಾಗಲೆಲ್ಲ ಚುರ್ರೆನ್ನುತ್ತಿತ್ತು.

ಒಮ್ಮೆ ಲ್ಯಾಬಿನಿಂದ ಬೇಗ ಹೊರಟು ಸೀದಾ ತೋಟಕ್ಕೆ ಹೋದೆ. ಬೇಲಿಯಾಚೆ ಇಬ್ಬರೂ ಬೆಂಚಿನ ಮೇಲೆ ಒತ್ತಿಕೊಂಡು ಕೂತಿದ್ದರು. ಅಮ್ಮ ಏನೋ ಹೇಳುತ್ತಿದ್ದಳು, ಗೆಳತಿ ತಲೆ ತಗ್ಗಿಸಿ ಕೇಳುತ್ತಿದ್ದಳು. ನಾನು ಗೇಟು ತೆರೆದ ಸದ್ದಿಗೆ ಅಮ್ಮ ಮಾತು ನಿಲ್ಲಿಸಿದಳು. "ಬಂದ್ಯಾ? ಟೊಮ್ಯಾಟೊ ಗಿಡ ನೋಡು ಎಷ್ಟು ಚೆನ್ನಾಗ್ ಬಂದಿದೆ," ಎಂದಳು. ಅವಳ ಕಣ್ಣುಗಳು ಕೆಂಪಗಿದ್ದವು.

ಮರುದಿನ ದಾಗಿಸ್ ಗೇಟಿನ ಬಳಿ ಗೆಳತಿ ನನ್ನ ಭುಜ ಮುಟ್ಟಿದಳು. "ನಿನ್ನ ತಾತನ ಸ್ನೇಹಿತನ ವಿಷಯ ಕೇಳಿ ನನಗೆ ನಿನ್ನೆ ಊಟ ಸೇರಲಿಲ್ಲ," ಎಂದಳು. ಯಾವ ಸ್ನೇಹಿತ ಎಂದು ಬಾಯಿಗೆ ಬಂದಿತ್ತು. ನುಂಗಿಕೊಂಡೆ. ನನಗೇ ಗೊತ್ತಿಲ್ಲವೆಂದು ಅವಳೆದುರು ಒಪ್ಪಿಕೊಳ್ಳುವುದು ನನ್ನಿಂದಾಗಲಿಲ್ಲ.

"ಹೌದು, ಪಾಪ," ಎಂದೆ. "ಅಮ್ಮ ನಿನಗೆ ಎಷ್ಟು ಹೇಳಿದಳೋ."

ಅವಳು ಎಲ್ಲವನ್ನೂ ಹೇಳಿದಳು. ದ್ವೀಪಕ್ಕೆ ಹಡಗು ಬರುವುದು ನಿಂತ ಮೇಲೆ ಜಪಾನಿ ಸೈನ್ಯವೇ ಗೆಣಸು ಬೆಳೆದು ತಿನ್ನಬೇಕಾಯಿತು. ಊರಿನವರ ತೋಟಗಳನ್ನೆಲ್ಲ ಕಿತ್ತುಕೊಂಡರು, ಸೆರೆಯಾಳುಗಳನ್ನು ಅಗೆಯಲು ಹಚ್ಚಿದರು. ಅಗೆದವರಿಗೆ ಸಿಗುತ್ತಿದ್ದದ್ದು ಸೊಪ್ಪು, ಸಿಪ್ಪೆ. ತಾತನ ಜೊತೆ ಪಕ್ಕದ ಹಳ್ಳಿಯವನೊಬ್ಬನಿದ್ದ, ಇಬ್ಬರೂ ಒಟ್ಟಿಗೇ ಸೈನ್ಯಕ್ಕೆ ಸೇರಿದವರು. ತಾತನಿಗೆ ಜ್ವರ ಬಂದು ಏಳಲಾಗದೆ ಬಿದ್ದಾಗ ಅವನು ಒಂದು ಗೆಣಸನ್ನು ಸೊಂಟದ ಬಟ್ಟೆಯಲ್ಲಿ ಸಿಕ್ಕಿಸಿಕೊಂಡು ಬಂದ. ಕಾವಲಿನವನು ಹಿಡಿದ. ಹೊಡೆದು ತೋಟದ ಅಂಚಿನ ತೆಂಗಿನ ಮರಕ್ಕೆ ಕಟ್ಟಿದರು. ಉಳಿದವರು ಅವನ ಸುತ್ತಲೇ ಅಗೆಯುತ್ತಿರಬೇಕಿತ್ತು. ತಾತ ಜ್ವರದಲ್ಲೇ ಎದ್ದು ಹೋಗಿ ಅವನ ಬಾಯಿಗೆ ನೀರು ಹಿಡಿದರು. ಬೆನ್ನಿನ ಗೆರೆಗಳು ಆ ನೀರು ಕೊಟ್ಟದ್ದಕ್ಕೆ ಬಿದ್ದ ಏಟುಗಳು. ಬೆಳಗಾಗುವಷ್ಟರಲ್ಲಿ ಅವನು ಸತ್ತಿದ್ದ. ಗುಂಡಿ ತೋಡಿದವರು ತಾತನೇ.

ನನ್ನ ತಾತನ ಬೆನ್ನಿನ ಗುಟ್ಟನ್ನು ನಾನು ಹೀಗೆ, ಬೇರೊಬ್ಬಳ ಬಾಯಿಂದ ಕೇಳಿದೆ. ದುಃಖಕ್ಕಿಂತ ಮೊದಲು ಬಂದದ್ದು ಅಸೂಯೆ. ಮನೆಗೆ ಹೋದವಳೇ ಅಡುಗೆಮನೆಯಲ್ಲಿ ಅಮ್ಮನನ್ನು ತಡೆದು ನಿಲ್ಲಿಸಿದೆ.

"ಅವಳಿಗೆ ಹೇಳ್ದೆ. ನನಗ್ಯಾಕೆ ಇಷ್ಟು ವರ್ಷ ಹೇಳ್ಲಿಲ್ಲ?"

ಅಮ್ಮ ಸಾರಿನ ಉರಿ ಸಣ್ಣ ಮಾಡಿದಳು. "ಅಪ್ಪ ಆಸ್ಪತ್ರೆಯಲ್ಲಿದ್ದಾಗ ನನಗೊಬ್ಬಳಿಗೇ ಹೇಳಿದ್ದು. ಹೇಳಿ ಆದ್ಮೇಲೆ, ಮಗೂಗೆ ಹೇಳ್ಬೇಡ ಅಂದ್ರು. ಮಗು ಅಂದ್ರೆ ನೀನು."

"ನಾನೇ ಯಾಕೆ?"

"'ಅದೊಂದು ನನ್ನನ್ನ ಬರೀ ತಾತ ಅಂತ ನೋಡುತ್ತೆ. ಅದು ಹಾಗೇ ಇರಲಿ' ಅಂದ್ರು. ಮಾತು ಕೊಟ್ಬಿಟ್ಟಿದ್ದೆ ಕಣೆ. ಈ ಹುಡುಗಿ ವಿಷಯದಲ್ಲಿ ಅಂಥ ಮಾತೇನೂ ಇರ್ಲಿಲ್ಲ. ಆ ಮಣ್ಣಲ್ಲೇ ಹುಟ್ಟಿದವಳು ಅವಳು. ಅವಳ ಹತ್ರ ಹೇಳಿದ್ರೆ ಅಪ್ಪನ ಸ್ನೇಹಿತ ಮಣ್ಣಾದ ಊರಿನವರಿಗೆ ಸುದ್ದಿ ಮುಟ್ಟಿಸಿದ ಹಾಗೆ ಅನ್ನಿಸ್ತು."

ಇದನ್ನು ಕೇಳಿ ನನಗೆ ಸಮಾಧಾನವಾಗಬೇಕಿತ್ತು. ಆಗಲಿಲ್ಲ. ಹಲವು ದಿನ ಅಮ್ಮನ ಜೊತೆ ಬೇಕಾದಷ್ಟೇ ಮಾತಾಡಿದೆ. ಗೆಳತಿಯ ಮೆಸೇಜಿಗೆ ಹೆಬ್ಬೆರಳೆತ್ತಿದ ಇಮೋಜಿ ಮಾತ್ರ ಕಳಿಸಿದೆ. ಕೊನೆಗೆ ಅವಳೇ ಮನೆಗೆ ಬಂದಳು. ಅಮ್ಮ ನನ್ನ ಮಗಳನ್ನು ಪಾರ್ಕಿಗೆ ಕರೆದುಕೊಂಡು ಹೋಗಿದ್ದಳು.

"ಮಾಮಾ ಹೇಳಿದ್ರು, ನಿನಗೆ ಗೊತ್ತಿರಲಿಲ್ಲ ಅಂತ," ಎಂದಳು. "ನನ್ನ ಹತ್ರ ಯಾಕೆ ಸುಳ್ಳು ಹೇಳ್ದೆ?"

"ಹೊಟ್ಟೆಕಿಚ್ಚು," ಎಂದೆ. "ನಿಮ್ಮ ಬುಬು ನಿನಗೆ ಎಲ್ಲ ಹೇಳಿದ್ರು. ನನ್ನದೂ ಈಗ ನಿನ್ನ ಹತ್ರಾನೇ ಇದೆ."

ಅವಳು ಕೋಟು ಬಿಚ್ಚಿ ನನ್ನೆದುರು ಕೂತಳು. "ನನ್ನ ಬುಬು ವಿಮಾನದ ಸದ್ದು ಕೇಳಿದ್ರೆ ನಮ್ಮನ್ನೆಲ್ಲ ಎಳ್ಕೊಂಡು ಹೋಗಿ ಕಂಬದ ಮೇಲಿನ ನಮ್ಮ ಮನೆ ಕೆಳಗೆ ತಳ್ಳೋರು. ಯುದ್ಧ ಮುಗಿದು ಎಷ್ಟೋ ಕಾಲ ಆಗಿತ್ತು, ಬರ್ತಿದ್ದದ್ದು ಪ್ರಯಾಣಿಕರ ವಿಮಾನ. ಜಪಾನಿನವರು ತೋಡಿಸಿದ ಸುರಂಗ ನಮ್ಮ ತೋಟದ ಹಿಂದೇನೇ ಇತ್ತು. ಅದರೊಳಗೆ ಅಳದೆ ಕೂರೋದು ಹೇಗೆ ಅಂತ ನನಗೆ ಅಭ್ಯಾಸ ಮಾಡಿಸಿದ್ರು. ನಿನ್ನ ತಾತ ನಿನಗೆ ಸೈಕಲ್ ಕಲಿಸಿದ್ರಂತೆ. ಮಾಮಾ ಅದನ್ನ ಹೇಳಿದಾಗ ನನಗೂ ಹೊಟ್ಟೆಕಿಚ್ಚಾಯ್ತು."

ಅವಳು ಹೇಳಿದ್ದು ನನಗೆ ತಟ್ಟಿತು. ಕತ್ತಲಲ್ಲಿ ಮಂಡಿ ಮಡಚಿ ಕೂತ ಹುಡುಗಿ ಕಣ್ಣ ಮುಂದೆ ಬಂದಳು. ಆದರೆ ನಿಜ ಹೇಳಬೇಕೆಂದರೆ ಅದೇ ಗಳಿಗೆಯಲ್ಲಿ, ಅಮ್ಮ ನನ್ನ ಸೈಕಲ್ಲನ್ನೂ ಇವಳಿಗೆ ಕೊಟ್ಟುಬಿಟ್ಟಳಲ್ಲ ಎಂದೂ ಅನ್ನಿಸಿತು. ಕಾಫಿ ಮಾಡಿದೆ. ಇಬ್ಬರೂ ಕುಡಿದೆವು.

ಆಗಸ್ಟಿನಲ್ಲಿ ಅಮ್ಮ ಹೊರಟಳು. ವಿಮಾನ ನಿಲ್ದಾಣದಲ್ಲಿ ಮೊದಲು ಗೆಳತಿಯನ್ನು ತಬ್ಬಿದಳು, ಆಮೇಲೆ ನನ್ನನ್ನು. ನನ್ನನ್ನು ತಬ್ಬಿದ್ದೇ ಹೆಚ್ಚು ಹೊತ್ತು ಎಂದು ವಾಪಸ್ಸಿನ ಬಸ್ಸಿನಲ್ಲಿ ನನಗೆ ನಾನೇ ಹೇಳಿಕೊಂಡೆ.

ಕ್ರಿಸ್‌ಮಸ್ಸಿಗೆ ಗೆಳತಿ ತನ್ನ ದ್ವೀಪಕ್ಕೆ ಹೋದಳು. ಅಲ್ಲಿ ಯುದ್ಧದಲ್ಲಿ ಸತ್ತವರ ಸ್ಮಶಾನವಿದೆ, ಇಂಡಿಯನ್ ಸಿಪಾಯಿಗಳ ಕಲ್ಲುಗಳೂ ಇವೆ. ತಾತನ ಸ್ನೇಹಿತನ ಹೆಸರನ್ನು ಅಮ್ಮ ಅವಳಿಗೆ ಹೇಳಿ ಕಳಿಸಿದ್ದಳು. ಆ ಹೆಸರಿನ ಕಲ್ಲೊಂದು ಸಿಕ್ಕಿತು. ಅವನದೇ ಇರಬಹುದು, ಅದೇ ಹೆಸರಿನ ಇನ್ನೊಬ್ಬನದೂ ಇರಬಹುದು. ಅವಳು ಹೂವಿಟ್ಟು ಫೋಟೊ ತೆಗೆದು ಅಮ್ಮನಿಗೆ ಕಳಿಸಿದಳು. ಅಮ್ಮ ನನಗೆ ಫಾರ್ವರ್ಡ್ ಮಾಡಿದಳು.

ಆ ಫೋಟೊವನ್ನು ಬಹಳ ಹೊತ್ತು ನೋಡಿದೆ. ಆಮೇಲೆ ತಡೆಯಲಾರದೆ ಗೆಳತಿಗೆ ಫೋನ್ ಮಾಡಿದೆ. "ಅಲ್ಲಿಯ ಮಣ್ಣು ಹೇಗಿದೆ?" ಎಂದು ಕೇಳಿದೆ. ಅವಳು ಇನ್ನೂ ಸ್ಮಶಾನದ ಬಳಿಯೇ ಇದ್ದಳು. ಕಪ್ಪು ಮಣ್ಣು, ಬೂದಿಯ ಹಾಗೆ ಹಗುರ, ಹತ್ತಿರದಲ್ಲೇ ಜ್ವಾಲಾಮುಖಿ ಇದೆಯಲ್ಲ ಎಂದಳು. ಹುಲ್ಲು ಈಗತಾನೇ ಕತ್ತರಿಸಿದ್ದಾರೆ, ಬೇಲಿಯಾಚೆ ಹೆಂಗಸರು ತೋಟಕ್ಕೆ ಹೋಗುತ್ತಿದ್ದಾರೆ, ಯಾರೂ ಬಗ್ಗುತ್ತಿಲ್ಲ ಎಂದಳು. ನಾನು ಕೇಳುತ್ತ ಹೋದೆ, ಅವಳು ನಡೆಯುತ್ತ ಒಂದೊಂದೇ ಹೇಳುತ್ತ ಹೋದಳು. ಕೊನೆಗೆ ಕಲ್ಲಿನ ಬಳಿ ಕೂತು, ನನ್ನ ಪರವಾಗಿ ಅದರ ಮೇಲೆ ಅಂಗೈ ಇಟ್ಟಳು. "ಬಿಸಿಲಿಗೆ ಬೆಚ್ಚಗಿದೆ," ಎಂದಳು.

ಇದನ್ನು ಅಮ್ಮನಿಗೆ ನಾನು ಇನ್ನೂ ಹೇಳಿಲ್ಲ.